ಮೋರ್ಬಿ ಸೇತುವೆ: ಕಾಣುವ ಹಲಗೆ ಬದಲಾಯಿತು, ಕೇಬಲ್ ಹಾಗೇ ಉಳಿಯಿತು

ಮಳೆ ಜೋರಾದರೆ ಕಳಸದ ಹತ್ತಿರ ಹೆಬ್ಬಾಳೆ ಸೇತುವೆ ಮೇಲೆ ಭದ್ರೆ ಹರಿಯುತ್ತಾಳೆ, ಹೊರನಾಡಿನ ದಾರಿ ಅಲ್ಲಿಗೇ ನಿಲ್ಲುತ್ತದೆ. ಕಾಲುಸಂಕ, ತೂಗುಸೇತುವೆ ನಂಬಿಕೊಂಡೇ ಹೊಳೆ ದಾಟುವ ಊರುಗಳು ನಮ್ಮ ಚಿಕ್ಕಮಗಳೂರು ಕಡೆ ಇನ್ನೂ ಇವೆ. ಅದಕ್ಕೇ 2022ರಲ್ಲಿ ಗುಜರಾತಿನ ಮೋರ್ಬಿಯಲ್ಲಿ ತೂಗುಸೇತುವೆ ಹರಿದು ಬಿದ್ದ ಕಥೆ ನಮಗೆ ದೂರದ್ದಲ್ಲ.

ಮೋರ್ಬಿಯ ತೂಗುಸೇತುವೆ 19ನೇ ಶತಮಾನದ್ದು, ದೊರೆ ವಾಘ್‌ಜಿ ಠಾಕೋರ್ ಕಾಲದಲ್ಲಿ ಕಟ್ಟಿದ್ದು. ಮಚ್ಛು ನದಿ ಮೇಲೆ ಸುಮಾರು 230 ಮೀಟರ್ ಉದ್ದ, ಅಗಲ ಬರೀ ಒಂದೂಕಾಲು ಮೀಟರ್. ಇದೇ ಮಚ್ಛುವಿನ ಅಣೆಕಟ್ಟು 1979ರ ಆಗಸ್ಟ್‌ನಲ್ಲಿ ಒಡೆದು ಈ ಊರಿನಲ್ಲಿ ಭಾರೀ ಸಾವುನೋವಾಗಿತ್ತು.

ಸೇತುವೆಯ ಉಸ್ತುವಾರಿ ಗಡಿಯಾರ ತಯಾರಿಸುವ ಖಾಸಗಿ ಕಂಪನಿಯ ಕೈಯಲ್ಲಿತ್ತು. 2022ರಲ್ಲಿ ತಿಂಗಳುಗಟ್ಟಲೆ ಮುಚ್ಚಿ ರಿಪೇರಿ ಮಾಡಿಸಿದರು, ಅಕ್ಟೋಬರ್ 26ಕ್ಕೆ, ಗುಜರಾತಿಗಳ ಹೊಸ ವರ್ಷದ ದಿನ, ಜನರಿಗೆ ಬಿಟ್ಟರು. ನಾಲ್ಕೇ ದಿನ. 30ರ ಭಾನುವಾರ ಸಂಜೆ, ದೀಪಾವಳಿ ರಜೆಗೆ ಮಕ್ಕಳನ್ನು ಕರೆದುಕೊಂಡು ಬಂದವರೇ ಜಾಸ್ತಿ ಇದ್ದ ಹೊತ್ತಿನಲ್ಲಿ, ಕೇಬಲ್ ಹರಿಯಿತು. 135 ಜನ ಸತ್ತರು. ಆಗಿನ ರಾಜಕೋಟ್ ಸಂಸದರೊಬ್ಬರ ನೆಂಟರಲ್ಲೇ 12 ಮಂದಿ ಹೋದರು. ಬದುಕಿದವರಲ್ಲಿ ಎಷ್ಟೋ ಜನ ಹರಿದ ಬಲೆ, ಕಂಬಿ ಹಿಡಿದು ಕತ್ತಲಲ್ಲಿ ನೇತಾಡುತ್ತಿದ್ದರು.

ಆಮೇಲೆ ತನಿಖಾ ತಂಡ ಕಂಡದ್ದು ಓದಿದರೆ ಹೊಟ್ಟೆ ಉರಿಯುತ್ತದೆ. ಹರಿದ ಮುಖ್ಯ ಕೇಬಲ್‌ನಲ್ಲಿ 49 ತಂತಿ. ಅದರಲ್ಲಿ 22ಕ್ಕೆ ತುಕ್ಕು ಹಿಡಿದಿತ್ತು, ಅವು ಮೊದಲೇ ತುಂಡಾಗಿರಬಹುದು ಎಂದಿತು ವರದಿ. ಹಾಗಿದ್ದರೆ ಆ ಸಂಜೆ ಆ ಕೇಬಲ್ ಹೊರಬೇಕಾದ ಭಾರವೆಲ್ಲ ಉಳಿದ 27ರ ಮೇಲೆ ಬಿತ್ತು! ಮರದ ಹಲಗೆ ತೆಗೆದು ಅಲ್ಯೂಮಿನಿಯಂ ಹಾಸಿದ್ದರು, ಕೇಬಲ್ ಮಾತ್ರ ಹಳೆಯದೇ. ಕೇಬಲ್‌ನಿಂದ ಇಳಿದು ಹಲಗೆಯನ್ನು ಹಿಡಿದಿಡುವ ಹಳೇ ತೂಗುಕಂಬಿಗೆ ಹೊಸದನ್ನು ವೆಲ್ಡಿಂಗ್ ಮಾಡಿದ್ದರು. ಭಾರ ಹಾಕಿ ಪರೀಕ್ಷೆ ಮಾಡಿರಲಿಲ್ಲ. ಆದರೆ ಟಿಕೆಟ್ ಕೊಡುವುದಕ್ಕೆ ಲೆಕ್ಕವಿರಲಿಲ್ಲ, ಆ ದಿನ 3,000ಕ್ಕೂ ಹೆಚ್ಚು. ಬೀಳುವಾಗ ಮೇಲೆ ಸುಮಾರು 300 ಜನ. ಇದನ್ನು ಅಪಘಾತ ಅಂತ ಕರೆಯಲು ನನಗೆ ಮನಸ್ಸು ಬರುವುದಿಲ್ಲ.

ಗುಜರಾತ್ ಹೈಕೋರ್ಟ್ ತಾನೇ ಕೇಸು ಕೈಗೆತ್ತಿಕೊಂಡಿತು, ಸತ್ತವರ ಮನೆಗೆ ತಲಾ 10 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಕೊಡಲು ಕಂಪನಿಗೆ ಹೇಳಿತು. 2023ರಲ್ಲಿ ಮೋರ್ಬಿ ನಗರಸಭೆಯನ್ನೇ ವಿಸರ್ಜಿಸಿದರು.

ನಮ್ಮಲ್ಲಿ ಸುಳ್ಯದ ಗಿರೀಶ್ ಭಾರದ್ವಾಜ್ ನೂರಕ್ಕೂ ಹೆಚ್ಚು ತೂಗುಸೇತುವೆ ಕಟ್ಟಿ ಹಳ್ಳಿಗಳನ್ನು ಬೆಸೆದರು, 2017ರಲ್ಲಿ ಪದ್ಮಶ್ರೀ ಬಂತು. ಕಟ್ಟಿದ್ದನ್ನು ನೋಡಿಕೊಳ್ಳುವವರು ಯಾರು? ಮಲೆನಾಡಿನ ಮಳೆಗೆ ಕಬ್ಬಿಣ ಬೇಗ ತುಕ್ಕು ಹಿಡಿಯುತ್ತದೆ, ಅದರಲ್ಲೂ ಕೇಬಲ್ ದಡದ ಕಾಂಕ್ರೀಟಿಗೆ ಇಳಿಯುವ ಜಾಗದಲ್ಲಿ ನೀರು, ಕೆಸರು ನಿಂತರೆ ಒಳಗೆ ಏನಾಗಿದೆ ಅಂತ ಸುಮ್ನೆ ನೋಡಿದರೆ ಗೊತ್ತೇ ಆಗುವುದಿಲ್ಲ. ಮುಂದಿನ ಗ್ರಾಮಸಭೆಯಲ್ಲಿ ಕೇಳಿ: ನಮ್ಮೂರಿನ ಸೇತುವೆಯ ಕೇಬಲ್ ಕೊನೆಯ ಸಲ ಪರೀಕ್ಷೆ ಮಾಡಿದ್ದು ಯಾವ ವರ್ಷ, ಮಾಡಿದ ಎಂಜಿನಿಯರ್ ಯಾರು, ಒಂದು ಸಲಕ್ಕೆ ಎಷ್ಟು ಜನ ದಾಟಬಹುದು?