ಮನಿ ಪ್ಲಾಂಟ್: ಕುಂಡದಲ್ಲಿ ಬಲಿಯದೇ ಉಳಿಯುವ ಬಳ್ಳಿ

ಮನಿ ಪ್ಲಾಂಟ್‌ನ ಸಸ್ಯಶಾಸ್ತ್ರೀಯ ಹೆಸರು ಎಪಿಪ್ರೆಮ್ನಮ್ ಆರಿಯಮ್. ‘ಎಪಿ’ ಎಂದರೆ ಮೇಲೆ, ‘ಪ್ರೆಮ್ನಾನ್’ ಎಂದರೆ ಮರದ ಬೊಡ್ಡೆ, ‘ಆರಿಯಮ್’ ಎಂದರೆ ಹೊನ್ನಿನ ಬಣ್ಣದ್ದು. ಮರ ಹತ್ತುವುದು ಇದರ ಸ್ವಭಾವ ಎಂದು ಹೆಸರೇ ಹೇಳುತ್ತದೆ. ಕೆಸುವಿನ ಕುಟುಂಬದ ಈ ಬಳ್ಳಿಯ ತವರು ಪೆಸಿಫಿಕ್ ಸಾಗರದ ಮೊರಿಯಾ ದ್ವೀಪ.

ಇದನ್ನು ‘ಪೋಥೋಸ್’ ಎಂದೂ ಕರೆಯುವುದು ಹಳೆಯ ವರ್ಗೀಕರಣದ ಉಳಿಕೆ. 1880ರಲ್ಲಿ ಇದು ಪೋಥೋಸ್ ಆರಿಯಸ್ ಆಗಿತ್ತು, 1908ರಲ್ಲಿ ಸಿಂಡಾಪ್ಸಸ್ ಆಯಿತು, ಈಗಿನ ಹೆಸರು ಬಂದದ್ದು 1964ರಲ್ಲಿ. ಈ ಕುಟುಂಬದ ಕುಲಗಳನ್ನು ಹೂವು, ಬೀಜ ನೋಡಿ ಗುರುತಿಸಬೇಕು. ಮನಿ ಪ್ಲಾಂಟ್ ಹೂ ಬಿಡುವುದೇ ತೀರಾ ಅಪರೂಪವಾದ್ದರಿಂದ ಇದರ ಕುಲ ತೀರ್ಮಾನಿಸುವುದು ಕಷ್ಟವಾಯಿತು. ಹೂವಿಗೆ ಬೇಕಾದ ಜಿಬ್ಬರೆಲಿನ್ ಎಂಬ ಹಾರ್ಮೋನನ್ನು ತಯಾರಿಸುವ ಒಂದು ಜೀನ್ ಇದರಲ್ಲಿ ಸರಿಯಾಗಿ ಕೆಲಸ ಮಾಡುವುದಿಲ್ಲ. ಆ ಹಾರ್ಮೋನನ್ನು ಹೊರಗಿನಿಂದ ಸಿಂಪಡಿಸಿದರೆ ಹೂ ಬರುತ್ತದೆ.

ಕುಂಡದಿಂದ ಜೋತುಬಿದ್ದ ಬಳ್ಳಿಯಲ್ಲಿ ನಾವು ಕಾಣುವುದು ಎಳೆ ಹಂತದ ಎಲೆ: ಅಂಗೈಯಷ್ಟು, ಅಂಚು ಸೀಳದ್ದು. ಅದೇ ಬಳ್ಳಿ ಮರಕ್ಕೆ ಬಿಳಲೂರಿ ಹತ್ತಿದರೆ 20 ಮೀಟರ್‌ವರೆಗೂ ಏರುತ್ತದೆ. ಎಲೆ ಒಂದು ಮೀಟರ್ ಹತ್ತಿರಕ್ಕೆ ಬೆಳೆದು ಅಂಚು ಸೀಳುತ್ತದೆ. ಎರಡನ್ನೂ ಅಕ್ಕಪಕ್ಕ ಇಟ್ಟರೆ ಬೇರೆ ಬೇರೆ ಗಿಡವೆಂದೇ ತೋರುತ್ತದೆ. ದೊಡ್ಡ ಎಲೆ ಬೇಕಿದ್ದವರು ಗೊಬ್ಬರ ಹೆಚ್ಚಿಸುವುದಕ್ಕಿಂತ ತೇವವಿರುವ ಪಾಚಿ ಸುತ್ತಿದ ಕಂಬಕ್ಕೆ ಬಳ್ಳಿಯನ್ನು ಕಟ್ಟುವುದು ಮೇಲು.

ಈ ಗಿಡದ ಜೀವವೆಲ್ಲ ಗೆಣ್ಣಿನಲ್ಲಿದೆ. ಎಲೆಯ ತೊಟ್ಟು, ಬಿಳಲಿನ ಕಂದು ಮೊನೆ, ಮಲಗಿರುವ ಮೊಗ್ಗು ಮೂರೂ ಅಲ್ಲೇ ಇರುತ್ತವೆ. ಗೆಣ್ಣಿಲ್ಲದ ಎಲೆಯನ್ನು ನೀರಿನಲ್ಲಿಟ್ಟರೆ ಬಹಳ ದಿನ ಹಸಿರಾಗಿರಬಹುದು, ಬೇರೂ ಬಿಡಬಹುದು. ಮೊಗ್ಗಿಲ್ಲದ ಕಾರಣ ಬಳ್ಳಿಯಾಗದು. ಗೆಣ್ಣಿನ ಕೆಳಗೆ ಒಂದು ಸೆಂಟಿಮೀಟರ್ ಬಿಟ್ಟು ಕತ್ತರಿಸಿ, ಗೆಣ್ಣು ಮುಳುಗುವಂತೆ ನೀರಿನಲ್ಲಿಡಿ, ವಾರಕ್ಕೊಮ್ಮೆ ನೀರು ಬದಲಿಸಿ. ಎರಡು–ಮೂರು ವಾರದಲ್ಲಿ ಬೇರು ಬರುತ್ತದೆ. 4–5 ಸೆಂಟಿಮೀಟರ್ ಆದಾಗ ಮಣ್ಣಿಗೆ ಹಾಕಿ. ತಾನಾಗಿ ಕವಲೊಡೆಯುವ ಬಳ್ಳಿ ಇದಲ್ಲ, ಹಾಗಾಗಿ ಒಂದೇ ಕುಂಡಕ್ಕೆ ನಾಲ್ಕೈದು ತುಂಡು ನೆಟ್ಟರೆ ಪೊದೆಯಾಗಿ ಕಾಣುತ್ತದೆ.

ತಳಿಗಳಲ್ಲಿ ‘ಗೋಲ್ಡನ್’ ಎಲ್ಲರಿಗೂ ಪರಿಚಿತ: ಹಸಿರಿನ ಮೇಲೆ ಹಳದಿ ಎರಚಿದಂತೆ. ‘ಜೇಡ್’ ಅಚ್ಚ ಹಸಿರು, ಮಬ್ಬು ಬೆಳಕನ್ನೂ ತಾಳುತ್ತದೆ. ‘ನಿಯಾನ್’ ಇಡೀ ಎಲೆ ಎಳೆ ನಿಂಬೆ ಬಣ್ಣ. ‘ಮಾರ್ಬಲ್ ಕ್ವೀನ್’ನಲ್ಲಿ ಕೆನೆಬಿಳಿ ಚುಕ್ಕೆ ದಟ್ಟ, ಅದರಿಂದ ಬಂದ ‘ಎನ್‌ಜಾಯ್’ನಲ್ಲಿ ಬಿಳಿ ಹಸಿರು ಸ್ಪಷ್ಟವಾಗಿ ಬೇರ್ಪಟ್ಟಿದ್ದರೆ, ‘ಪರ್ಲ್ಸ್ ಅಂಡ್ ಜೇಡ್’ನ ಬಿಳಿಯ ಮೇಲೆ ಸಣ್ಣ ಹಸಿರು ಚುಕ್ಕೆಗಳಿರುತ್ತವೆ. ಬಿಳಿ ಭಾಗದಲ್ಲಿ ಪತ್ರಹರಿತ್ತು ಇಲ್ಲ, ಅದು ಆಹಾರ ತಯಾರಿಸದು. ಆದ್ದರಿಂದ ಬಿಳಿ ಹೆಚ್ಚಿದಷ್ಟೂ ಬೆಳವಣಿಗೆ ನಿಧಾನ, ಬೆಳಕು ಹೆಚ್ಚು ಬೇಕು. ಬೆಳಕು ಸಾಲದಾದರೆ ಹೊಸ ಎಲೆಗಳು ಹಸಿರಿಗೆ ತಿರುಗುತ್ತವೆ. ಆಗ ಚೆನ್ನಾಗಿ ಬಣ್ಣವಿರುವ ಕೊನೆಯ ಎಲೆಯ ಗೆಣ್ಣಿನವರೆಗೆ ಬಳ್ಳಿಯನ್ನು ಕತ್ತರಿಸಿ, ಕುಂಡವನ್ನು ಕಿಟಕಿಯ ಹತ್ತಿರಕ್ಕೆ ತನ್ನಿ. ನೇರ ಬಿಸಿಲು ಬೇಡ, ಬಿಳಿ ಭಾಗ ಮೊದಲು ಸುಡುತ್ತದೆ. ‘ಸೆಬು ಬ್ಲೂ’ ಈ ಸಾಲಿಗೆ ಸೇರದು, ಅದು ಎಪಿಪ್ರೆಮ್ನಮ್ ಪಿನೇಟಮ್ ಎಂಬ ಬೇರೆ ಪ್ರಭೇದ.

ಹೃದಯಾಕಾರದ ಎಲೆಯ ಫಿಲೊಡೆಂಡ್ರಾನ್ ಜೊತೆ ಗೊಂದಲವಾದರೆ ತೊಟ್ಟನ್ನು ಮುಟ್ಟಿ ನೋಡಿ. ಮನಿ ಪ್ಲಾಂಟ್‌ನ ತೊಟ್ಟಿನ ಮೇಲ್ಬದಿಯಲ್ಲಿ ಉದ್ದಕ್ಕೂ ಕಾಲುವೆಯಂಥ ಗೀರು ಇರುತ್ತದೆ. ಫಿಲೊಡೆಂಡ್ರಾನ್‌ನದು ಹೆಚ್ಚುಕಡಿಮೆ ದುಂಡು, ಅದರ ಹೊಸ ಎಲೆ ತೆಳು ಪೊರೆಯೊಳಗಿಂದ ಹೊರಬರುತ್ತದೆ.

ಗಿಡ ಸಾಯುವುದು ಹೆಚ್ಚಾಗಿ ನೀರು ಅತಿಯಾಗಿ. ಗಾಳಿ ಸಿಗದೆ ಬೇರು ಕೊಳೆಯುತ್ತದೆ, ಕೊಳೆತ ಬೇರು ನೀರು ಹೀರದು, ಎಲೆ ಬಾಡುತ್ತದೆ. ಬಾಡಿತೆಂದು ಮತ್ತೆ ನೀರು ಹಾಕುತ್ತೇವೆ. ಬೆರಳಿಟ್ಟು ನೋಡಿ, ಮೇಲಿನ 3–4 ಸೆಂಟಿಮೀಟರ್ ಮಣ್ಣು ಒಣಗಿದ್ದರೆ ಮಾತ್ರ ನೀರು.

ಕೆಸುವಿನಂತೆ ಇದರಲ್ಲೂ ಕ್ಯಾಲ್ಸಿಯಂ ಆಕ್ಸಲೇಟ್‌ನ ಸೂಜಿ ಹರಳುಗಳಿವೆ. ಜಗಿದರೆ ಬಾಯಿ ಉರಿದು ಊದಿಕೊಳ್ಳುತ್ತದೆ, ಕತ್ತರಿಸುವಾಗ ರಸ ತಾಗಿ ಕೈ ತುರಿಸಬಹುದು. ಅಂಬೆಗಾಲಿಡುವ ಮಗು, ಬೆಕ್ಕು, ನಾಯಿ ಇರುವ ಮನೆಯಲ್ಲಿ ಕುಂಡದ ಜೊತೆ ಜೋತುಬಿದ್ದ ಕುಡಿಯೂ ಅವರಿಗೆ ಎಟುಕದಂತಿರಲಿ.