ಹಾಡು ಹಿಟ್ ಆಗಿತ್ತು, ಹೋಟೆಲಿನಲ್ಲಿ ರೂಮ್ ಯಾಕೆ ಸಿಗಲಿಲ್ಲ?

ಓದುಗರ ಪ್ರಶ್ನೆ: ಸೋಲ್ (ಅಮೆರಿಕದ ಕಪ್ಪು ಜನರ ಒಂದು ಸಂಗೀತ ಶೈಲಿ) ಹಾಡುಗಾರರ ರೆಕಾರ್ಡುಗಳನ್ನು ಬಿಳಿಯರೂ ಕೊಳ್ಳುತ್ತಿದ್ದರಲ್ಲ, ಅಷ್ಟು ಹೆಸರು, ದುಡ್ಡು ಇದ್ದವರಿಗೂ ಅಮೆರಿಕದ ದಕ್ಷಿಣದಲ್ಲಿ ರೂಮ್ ಸಿಗುತ್ತಿರಲಿಲ್ವಾ? ಮತ್ತೆ ಎಲ್ಲಿ ಮಲಗುತ್ತಿದ್ದರು?

ಬಿಳಿಯರ ಹೋಟೆಲುಗಳಲ್ಲಿ ಸಿಗುತ್ತಿರಲಿಲ್ಲ, ಕಪ್ಪು ಜನರನ್ನು ಅಲ್ಲಿ ಸೇರಿಸುತ್ತಿರಲಿಲ್ಲ. ಸೋಲ್ ಗಾಯಕ ಸ್ಯಾಮ್ ಕುಕ್ ಅವರಿಗೆ ಆಗಿದ್ದನ್ನೇ ನೋಡಿ. 1963ರ ಅಕ್ಟೋಬರ್ 8, ಲೂಸಿಯಾನಾದ ಶ್ರೀವ್‌ಪೋರ್ಟ್. ಫೋನ್ ಮಾಡಿ ಮೊದಲೇ ರೂಮ್ ಬುಕ್ ಮಾಡಿದ್ದರು. ಹೆಂಡತಿ ಬಾರ್ಬರಾ ಜೊತೆ ಹಾಲಿಡೇ ಇನ್‌ಗೆ ಬಂದರೆ, ಮುಖ ನೋಡಿದ್ದೇ ತಡ, ಕೌಂಟರಿನವನು ರೂಮ್ ಖಾಲಿ ಇಲ್ಲ ಅಂದ. ಕುಕ್ ಪಟ್ಟು ಬಿಡದೆ ವಾದಕ್ಕೆ ನಿಂತರು. ಪ್ರಾಣಕ್ಕೇ ಕುತ್ತು ಅಂತ ಹೆದರಿದ ಬಾರ್ಬರಾ ಮತ್ತು ಜೊತೆಗಿದ್ದವರು ಹೇಗೋ ಒಪ್ಪಿಸಿ ಹೊರಡಿಸಿದರು, ಕಾರಿನ ಹಾರ್ನ್ ಒತ್ತುತ್ತಾ ಸಿಟ್ಟಿನಲ್ಲೇ ಹೊರಟರು. ಊರೊಳಗಿನ ಇನ್ನೊಂದು ಮೋಟೆಲಿನಲ್ಲಿ ಪೊಲೀಸರು ಬಂದು ಅರೆಸ್ಟ್ ಮಾಡಿದರು. ಆರೋಪ ಏನು ಗೊತ್ತಾ? ಶಾಂತಿ ಕದಡಿದ್ದು! ಮುಂದಿನ ಜನವರಿಯಲ್ಲಿ ಅವರು 'ಎ ಚೇಂಜ್ ಈಸ್ ಗಾನಾ ಕಮ್' (ಬದಲಾವಣೆ ಬಂದೇ ಬರುತ್ತದೆ) ಹಾಡನ್ನು ರೆಕಾರ್ಡ್ ಮಾಡಿದರು.

ಹಾಗಾದರೆ ಮಲಗುತ್ತಿದ್ದದ್ದು ಎಲ್ಲಿ? ಕಪ್ಪು ಜನರೇ ನಡೆಸುತ್ತಿದ್ದ ಮೋಟೆಲುಗಳಲ್ಲಿ, ರೂಮ್ ಬಾಡಿಗೆಗೆ ಕೊಡುವ ಮನೆಗಳಲ್ಲಿ, ಏನೂ ಸಿಗದಿದ್ದರೆ ಬಸ್ಸಿನಲ್ಲೇ. ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿದ್ದ ವಿಕ್ಟರ್ ಹ್ಯೂಗೋ ಗ್ರೀನ್ ಎಂಬ ಅಂಚೆ ನೌಕರ 1936ರಿಂದ ಇಂಥ ಜಾಗಗಳ ವಿಳಾಸ ಕಲೆಹಾಕಿ 'ಗ್ರೀನ್ ಬುಕ್' ಅಂತ ಅಚ್ಚು ಹಾಕಿಸುತ್ತಿದ್ದರು. ಮೆಂಫಿಸ್‌ನ ಲೊರೇನ್ ಮೋಟೆಲ್ ಅಂತೂ ಹಾಡುಗಾರರ ಅಡ್ಡೆಯೇ ಆಗಿತ್ತು. 'ಇನ್ ದ ಮಿಡ್‌ನೈಟ್ ಅವರ್' ಹಾಡು ಹುಟ್ಟಿದ್ದು ಅಲ್ಲೇ, ಕಪ್ಪು ಗಾಯಕ ವಿಲ್ಸನ್ ಪಿಕೆಟ್ ಮತ್ತು ಬಿಳಿಯ ಗಿಟಾರ್ ವಾದಕ ಸ್ಟೀವ್ ಕ್ರಾಪರ್ ಒಂದೇ ರೂಮಿನಲ್ಲಿ ಕೂತು ಬರೆದರು.

ದಾರಿಯೂ ಸುಲಭ ಇರಲಿಲ್ಲ. 1962ರಲ್ಲಿ ಮೋಟೌನ್ ಎಂಬ ರೆಕಾರ್ಡ್ ಕಂಪನಿಯ ಹಾಡುಗಾರರ ತಂಡದ ಬಸ್ಸಿಗೆ ಅಲಬಾಮಾದ ಬರ್ಮಿಂಗ್‌ಹ್ಯಾಮ್‌ನಲ್ಲಿ ಗುಂಡು ಹಾರಿಸಿದ್ದರು.

ನನಗೆ ಇದೆಲ್ಲಕ್ಕಿಂತ ಜಾಸ್ತಿ ನೋವಾಗುವುದು ಹಾಲ್ ಒಳಗಿನ ಕಥೆ. ಹಾಡುವವರು ಕಪ್ಪು ಜನ, ಆದರೆ ಕಪ್ಪು ಜನರೇ ಬಂದು ಕೇಳಬೇಕೆಂದರೆ ಎಷ್ಟೋ ಕಡೆ ಬಾಲ್ಕನಿಗೆ ಹೋಗಬೇಕು, ಇಲ್ಲಾ ಅವರಿಗೂ ಬಿಳಿಯರಿಗೂ ನಡುವೆ ಹಗ್ಗ ಕಟ್ಟಿರುತ್ತಿತ್ತು. 1961ರ ಮಾರ್ಚ್‌ನಲ್ಲಿ ಜಾರ್ಜಿಯಾದ ಅಗಸ್ಟಾದಲ್ಲಿ ಹೀಗೇ ಬೇರೆ ಬೇರೆ ಕೂರಿಸುತ್ತಾರೆಂದು ವಿದ್ಯಾರ್ಥಿಗಳು ತಂತಿ ಕಳಿಸಿದಾಗ ಕಪ್ಪು ಗಾಯಕ ರೇ ಚಾರ್ಲ್ಸ್ ಕಾರ್ಯಕ್ರಮವನ್ನೇ ಕೈಬಿಟ್ಟರು. ಆಯೋಜಕ ಕೋರ್ಟಿಗೆ ಹೋದ, ಚಾರ್ಲ್ಸ್ 757 ಡಾಲರ್ ದಂಡ ಕಟ್ಟಬೇಕಾಯಿತು. 1963ರಲ್ಲಿ ಅದೇ ಊರಿನ ಬೆಲ್ ಆಡಿಟೋರಿಯಮ್‌ನಲ್ಲಿ ಹಾಡಿದರು, ಆ ಸಲ ಕೇಳುವವರನ್ನು ಬಣ್ಣ ನೋಡಿ ಕೂರಿಸಲಿಲ್ಲ.