ಹೂಳು, ನೌಕೆ, ವಯಸ್ಸು: ಅನ್ಯಗ್ರಹದವರ ಪ್ರೇಮಕಥೆ ಕಟ್ಟುವ ಲೆಕ್ಕ

ಬಿರುಕು

ಅನ್ಯಗ್ರಹದವರು ಬಂದರು, ಜನ ಇಬ್ಭಾಗವಾದರು, ನಡುವೆ ಇಬ್ಬರು ಪ್ರೇಮಿಗಳು. ಇಂಥ ಕಥೆ ಕೆಡುವುದು ಎರಡನೆಯ ಮಾತಿನಲ್ಲಿ. ಒಂದು ಗುಂಪಿಗೆ ಅವರು ದೇವರು, ಇನ್ನೊಂದಕ್ಕೆ ದೆವ್ವ ಎಂದರೆ ಅದು ಬರೀ ಘೋಷಣೆ. ಬಂದವರು ಏನು ಕೊಡುತ್ತಾರೆ, ಅದು ಯಾರ ಪಾಲಾಗುತ್ತದೆ, ಬದಲಿಗೆ ಏನು ಕೇಳುತ್ತಾರೆ? ಇಷ್ಟು ಗೊತ್ತಾದರೆ ಜನ ತಾವಾಗಿಯೇ ಒಡೆಯುತ್ತಾರೆ, ಅದೂ ಮೊದಲೇ ಬಿರುಕಿದ್ದ ಕಡೆ.

ನಮ್ಮಲ್ಲಿ ಆ ಬಿರುಕು ನಾಲೆಯುದ್ದಕ್ಕೂ ಇದೆ. ತುಂಗಭದ್ರಾ ಜಲಾಶಯದ ಮೂಲ ಸಾಮರ್ಥ್ಯ 133 ಟಿಎಂಸಿ. ಹೂಳು ತುಂಬಿ ಸುಮಾರು 105.8ಕ್ಕೆ ಇಳಿದಿದೆ. ಬಂದವರು ಹೂಳು ತೆಗೆದುಕೊಡುತ್ತಾರೆ ಎನ್ನಿ. ಮರಳಿ ಸಿಕ್ಕ 27 ಟಿಎಂಸಿ ಯಾರಿಗೆ? ಎಡದಂಡೆ ನಾಲೆಯ ಮೇಲಿನ ಗಂಗಾವತಿ, ಕಾರಟಗಿಯ ಭತ್ತಕ್ಕೋ, ನಾಲೆಯ ಕೊನೆಯಲ್ಲಿರುವ (ಟೇಲ್ ಎಂಡ್) ಮಾನ್ವಿ, ಸಿರವಾರಕ್ಕೋ? ಬಂದವರ ಷರತ್ತು: ನೀರು ಬೇಕೆಂದವರ ಕಡೆಯಿಂದ ಒಬ್ಬರು ನಮ್ಮ ಜೊತೆ ಹೋಗಿಬರಬೇಕು. ಮಾನ್ವಿಯ ಹುಡುಗಿ ಒಪ್ಪುತ್ತಾಳೆ. ಅವಳ ಹುಡುಗ ಗಂಗಾವತಿಯವ. ಈಗ ಪ್ರೇಮಕ್ಕೂ ಜಗಳಕ್ಕೂ ಕಾರಣ ಒಂದೇ. ಮೇಲಿನವರನ್ನು ದುಷ್ಟರನ್ನಾಗಿ ಮಾಡಬೇಡಿ, ಎರಡನೇ ಬೆಳೆಯ ಸಾಲ ಅವರಿಗೂ ಇರಲಿ.

ನೌಕೆಯನ್ನು ಗಂಗಾವತಿ ಬಳಿಯ ಹಿರೇಬೆಣಕಲ್ ಗುಡ್ಡದಲ್ಲಿ ಇಳಿಸುವ ಆಸೆ ಎಲ್ಲರಿಗೂ ಬರುತ್ತದೆ. ಇಳಿಸಿ, ಆದರೆ ಅಲ್ಲಿನ ಪ್ರಾಚೀನ ಶಿಲಾಸಮಾಧಿಗಳನ್ನು ಅವರೇ ಕಟ್ಟಿದರೆಂಬ ಪುಕಾರು ಬೇಡ. ಅವು ನಮ್ಮ ಜನರೇ ಕಟ್ಟಿದವು.

ವಯಸ್ಸಿನ ಲೆಕ್ಕ

ಹೆಚ್ಚು ಜನ ಎಡವುವುದು ಇಲ್ಲಿ. ಬೆಳಕಿನ ವೇಗಕ್ಕೆ ಹತ್ತಿರವಾಗಿ ಓಡುವ ನೌಕೆಯಲ್ಲಿ ಕಾಲ ಭೂಮಿಗಿಂತ ನಿಧಾನ, ಹೋಗಿಬಂದವಳಿಗೆ ವಯಸ್ಸು ಕಡಿಮೆ ಏರುತ್ತದೆ. ಇಬ್ಬರಿಗೂ 25 ಎಂದು ಹಿಡಿಯಿರಿ. ಮೊದಲು ಭೂಮಿಯ ಕಾಲ: ಹೋಗಿಬರುವ ದೂರವನ್ನು ವೇಗದಿಂದ ಭಾಗಿಸಿ. ಆಮೇಲೆ ನೌಕೆಯ ಕಾಲ: ವೇಗದ ವರ್ಗವನ್ನು 1ರಿಂದ ಕಳೆದು, ಅದರ ವರ್ಗಮೂಲದಿಂದ ಭೂಮಿಯ ಕಾಲವನ್ನು ಗುಣಿಸಿ. ವೇಗವನ್ನು ಬೆಳಕಿನ ವೇಗದ ಭಾಗವಾಗಿ ಬರೆಯಬೇಕು. 0.99 ಆದರೆ ವರ್ಗ 0.9801, ಉಳಿದದ್ದು 0.0199, ವರ್ಗಮೂಲ 0.141. ದೂರವನ್ನೇ ನೇರ 0.141ರಿಂದ ಗುಣಿಸಿದರೆ ಉತ್ತರ ಹತ್ತಿರ ಬಂದಂತೆ ಕಾಣುತ್ತದೆ, ವೇಗ 0.5ಕ್ಕೆ ಇಳಿದಾಗ ಪೂರಾ ತಪ್ಪುತ್ತದೆ.

ಸೂರ್ಯನಿಗೆ ಅತಿ ಹತ್ತಿರದ ನಕ್ಷತ್ರ ಪ್ರಾಕ್ಸಿಮಾ 4.24 ಜ್ಯೋತಿರ್ವರ್ಷ ದೂರ (ಬೆಳಕು ಒಂದು ವರ್ಷದಲ್ಲಿ ಸಾಗುವ ದೂರವೇ ಒಂದು ಜ್ಯೋತಿರ್ವರ್ಷ). 0.99ರಲ್ಲಿ ಹೋಗಿಬರಲು ಭೂಮಿಯಲ್ಲಿ 8.57 ವರ್ಷ, ನೌಕೆಯಲ್ಲಿ 1.2. ಅವನಿಗೆ 33 ದಾಟಿದೆ, ಅವಳಿಗೆ 26. ಎಷ್ಟೇ ವೇಗ ಹಿಡಿದರೂ ವಯಸ್ಸಿನ ಅಂತರ ಹೋಗಿಬರುವ ದೂರದ ಅಂಕಿಯನ್ನು, ಇಲ್ಲಿ 8.48 ವರ್ಷವನ್ನು, ಮೀರದು. ಈ ಅಡ್ಡದಾರಿ ನೆನಪಿಟ್ಟರೆ ಸಾಕು, ಯಾವ ನಕ್ಷತ್ರ ಬೇಕೆಂದು ಒಂದೇ ನಿಮಿಷದಲ್ಲಿ ಹೇಳಬಹುದು. ತಲೆ ನರೆತ ಗಂಡು ಬೇಕಿದ್ದರೆ ಪ್ರಾಕ್ಸಿಮಾ ಬಿಡಿ, 11.9 ಜ್ಯೋತಿರ್ವರ್ಷದ ಟೌ ಸೆಟಿ ಹಿಡಿಯಿರಿ. ಅವನಿಗೆ 49, ಅವಳಿಗೆ 28.

"ಅವಳ ಕಣ್ಣಿಗೆ ಓಡುತ್ತಿರುವವನು ಅವನೇ ಅಲ್ಲವೇ, ಅವನೇ ಯಾಕೆ ಎಳೆಯನಾಗಿ ಉಳಿಯಲಿಲ್ಲ?" ಎಂದು ಕೇಳುವವರಿದ್ದಾರೆ. ನಡುವೆ ನಿಂತು, ತಿರುಗಿ, ಮತ್ತೆ ವೇಗ ಹಿಡಿದವಳು ಅವಳು. ಅವನು ಗಂಗಾವತಿ ಬಿಟ್ಟು ಕದಲಿಲ್ಲ. ಹಾಗಾಗಿ ಇಬ್ಬರ ಸ್ಥಿತಿ ಒಂದೇ ಅಲ್ಲ.

ಇನ್ನೊಂದು ತೊಡಕು. ನೌಕೆ ಹೊರಟ ಕೂಡಲೇ 0.99 ಮುಟ್ಟಿದರೆ ಒಳಗಿನವರು ಅಪ್ಪಚ್ಚಿ. ಭೂಮಿಯ ಗುರುತ್ವದಷ್ಟೇ ಒತ್ತಡದಲ್ಲಿ ಆ ವೇಗ ಮುಟ್ಟಲು ಸುಮಾರು 5.9 ಜ್ಯೋತಿರ್ವರ್ಷ ಬೇಕು. ಅಷ್ಟರಲ್ಲಿ ಪ್ರಾಕ್ಸಿಮಾ ದಾಟಿಹೋಗಿರುತ್ತದೆ. ಟೌ ಸೆಟಿಗೆ ಮಾತ್ರ ಲೆಕ್ಕ ಕೂಡುತ್ತದೆ: ಅರ್ಧ ದಾರಿ ವೇಗ ಏರಿಸಿ, ಉಳಿದರ್ಧ ಇಳಿಸಿದರೆ, ಹೋಗಿಬರಲು ಭೂಮಿಯಲ್ಲಿ ಸುಮಾರು 27.4 ವರ್ಷ, ನೌಕೆಯಲ್ಲಿ 10.3. ಅವನಿಗೆ 52, ಅವಳಿಗೆ 35. ನನ್ನ ಮಟ್ಟಿಗೆ ಕಥೆಗೆ ಇದೇ ಚೆಂದ.

ಆ 27 ವರ್ಷ ಹೂಳೂ ಸುಮ್ಮನಿರುವುದಿಲ್ಲ. 1953ರಿಂದ ತುಂಬಿದ ಗತಿಯಲ್ಲೇ ತುಂಬಿದರೆ 10 ಟಿಎಂಸಿಗಿಂತ ಹೆಚ್ಚು ಮತ್ತೆ ಹೋಯಿತು. ಅವಳು ಗಳಿಸಿಕೊಟ್ಟ ನೀರಿನಲ್ಲಿ ಮೂರನೇ ಒಂದು ಪಾಲಿಗಿಂತ ಹೆಚ್ಚು! ನೀರಾವರಿ ಸಲಹಾ ಸಮಿತಿ ಸಭೆಯಲ್ಲಿ ಮೊದಲು ಯಾರ ಪಾಲು ಕಡಿತವಾಗುತ್ತದೆಂದು ಬರೆದರೆ ಕಥೆಯ ಎರಡನೇ ಅರ್ಧ ಸಿಕ್ಕಂತೆ.

ಪತ್ರ

ಪತ್ರಗಳಿಂದ ಪ್ರೇಮ ಉಳಿಸುವ ಉಪಾಯ ಇಲ್ಲಿ ನಡೆಯದು. ಟೌ ಸೆಟಿ ಮುಟ್ಟಿದ ದಿನ ಅವಳು ಕಳಿಸಿದ ರೇಡಿಯೊ ಸಂದೇಶ, ಹೊರಟ 13.7 ವರ್ಷದ ಮೇಲೆ ಇನ್ನೂ 11.9 ವರ್ಷ ಸಾಗಿ, 25.6ನೇ ವರ್ಷ ಬರುತ್ತದೆ. ಎರಡು ವರ್ಷದೊಳಗೆ ಅವಳೇ ಬಂದಿರುತ್ತಾಳೆ.